ಒಡೆದ ಪಿಂಗಾಣಿ, ಬೆಸೆದ ಕೈಗಳು

ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ - ಬೆಳಗಾವಿ ಜಿಲ್ಲೆಯ ಈ ಗಡಿ ಸೀಮೆಯಲ್ಲಿ ಚಹಾ ಕುಡಿಯುವ ಸಾಮಾನಿಗೆ 'ಕಪ್ಪು-ಬಸಿ' ಎನ್ನುತ್ತಾರೆ. ಕಪ್ಪು ಇಂಗ್ಲಿಷಿನಿಂದ ಬಂದದ್ದು, ಬಸಿ ಮರಾಠಿಯ ಬಶಿ. ಅದನ್ನು ಮಾಡಿದ ಮಣ್ಣಿಗೆ ಚೀನಿ ಮಣ್ಣು ಎಂದು ಹೆಸರು. ಒಂದು ಸಣ್ಣ ಪಾತ್ರೆಯ ಹೆಸರಿನಲ್ಲೇ ಮೂರು ದೇಶ ಕೂತಿವೆ. ಅದರ ಮೇಲೆ ಗೆರೆ ಬಿದ್ದರೆ ಕನ್ನಡದವರು ಬಿರುಕು ಎನ್ನುತ್ತಾರೆ, ಮರಾಠಿಯವರು ತಡಾ ಎನ್ನುತ್ತಾರೆ. ಉರ್ದುವಿನಲ್ಲಿ ಅದಕ್ಕೆ 'ಬಾಲ್' ಎಂದು ಹೆಸರು. ಬಾಲ್ ಎಂದರೆ ಕೂದಲು. ಹೊಸ ಬಿರುಕು ನೋಡಲು ಬಿಳಿಯ ಬಸಿಯ ಮೇಲೆ ಬಿದ್ದ ಒಂದು ಕೂದಲಿನಂತೆಯೇ ಇರುತ್ತದೆ. ಒರೆಸಿದರೆ ಹೋಗುವುದಿಲ್ಲ ಎಂದಾಗಲೇ ಅದು ಬಿರುಕು ಎಂದು ತಿಳಿಯುವುದು. ಫಾರಸಿಯಲ್ಲೂ ಇದೇ ಮಾತು ಇದೆ. ಅಲ್ಲಿನ ಕವಿಗಳು ಮುರಿದ ಮನಸ್ಸಿಗೆ ಈ 'ಪಿಂಗಾಣಿಯ ಕೂದಲ'ನ್ನು ಹೋಲಿಕೆಯಾಗಿ ಬಳಸಿದ್ದಾರೆ.

ಪಿಂಗಾಣಿಯನ್ನು ಯಾರು ಮಾಡಿದರು, ಯಾವ ಹಡಗು ತಂದಿತು, ಯಾವ ಸುಲ್ತಾನ ಕೂಡಿಟ್ಟ, ಯಾವ ಸೈನ್ಯ ದೋಚಿತು ಎಂಬುದನ್ನು ಇತಿಹಾಸ ಬರೆದಿಟ್ಟಿದೆ. ಆದರೆ ಒಡೆದದ್ದನ್ನು ಯಾರು ಕೂಡಿಸಿದರು ಎಂದು ಕೇಳಿದರೆ ಅದು ಹೆಚ್ಚಾಗಿ ಮೌನವಾಗುತ್ತದೆ. ದುರಸ್ತಿ ಮಾಡುವವನ ಹೆಸರು ಯಾವ ಶಾಸನದಲ್ಲಿ ಬರುತ್ತದೆ? ಅವನ ಸಾಕ್ಷಿ ಉಳಿದಿರುವುದು ಪಾತ್ರೆಯ ಮೈಮೇಲೆ ಮಾತ್ರ. ಅದನ್ನು ಓದಲು ನಾವು ಸ್ವಲ್ಪ ಪ್ರಯತ್ನಿಸಬೇಕು.

ಘಟ್ಟ ಹತ್ತಿ ಬಂದ ಬಿಳಿ ಮಣ್ಣು

ಚೀನಾದ ಬಿಳಿ ಪಾತ್ರೆಗಳನ್ನು ಕಂಡು ಬೆರಗಾದವರಲ್ಲಿ ಅಬ್ಬಾಸಿಗಳ ಕಾಲದ ಇರಾಕಿನ ಕುಂಬಾರರು ಮೊದಲಿಗರ ಸಾಲಿನವರು. ಒಂಬತ್ತನೇ ಶತಮಾನದಲ್ಲಿ ಬಸ್ರಾದ ಕುಶಲಕರ್ಮಿಗಳು ಅಂಥದ್ದನ್ನೇ ಮಾಡಲು ಹೊರಟರು. ಅವರಿಗೆ ಆ ಜಾತಿಯ ಮಣ್ಣು ಸಿಗಲಿಲ್ಲ, ಅಷ್ಟು ಬಿಸಿಯ ಆವಿಗೆಯೂ ಇರಲಿಲ್ಲ. ಆದ್ದರಿಂದ ತಮ್ಮ ಹಳದಿ ಮಣ್ಣಿನ ಮೇಲೆಯೇ ತವರ ಬೆರೆಸಿದ ಬಿಳಿ ಲೇಪ ಕೊಟ್ಟು, ನೀಲಿಯಲ್ಲಿ ಚಿತ್ರ ಬರೆದರು. ಮುಂದೆ ಹದಿನಾಲ್ಕನೇ ಶತಮಾನದಲ್ಲಿ ಇರಾನಿನ ಕೋಬಾಲ್ಟ್ ನೀಲಿ ಚೀನಾಕ್ಕೆ ಹೋಯಿತು. ನಾವು ಇಂದು ಅಪ್ಪಟ ಚೀನಾದ್ದು ಎಂದುಕೊಳ್ಳುವ ನೀಲಿ-ಬಿಳಿ ಪಿಂಗಾಣಿ ಹುಟ್ಟಿದ್ದು ಈ ಕೊಡುಕೊಳೆಯಿಂದ. ಚೀನೀಯರು ಆ ಬಣ್ಣವನ್ನು ಮುಸ್ಲಿಮರ ನೀಲಿ ಎಂದೇ ಕರೆದರು.

ಚಿನ್ನ ಬೆಳ್ಳಿಯ ಪಾತ್ರೆಗಳಲ್ಲಿ ಉಣ್ಣಬಾರದು, ಕುಡಿಯಬಾರದು ಎಂಬ ಪ್ರವಾದಿ ಮುಹಮ್ಮದ್(ಸ)ರ ನಿಷೇಧವೂ ಮುಸ್ಲಿಮ್ ನಾಡುಗಳಲ್ಲಿ ಒಳ್ಳೆಯ ಮಣ್ಣಿನ ಪಾತ್ರೆಗಳ ಬೆಲೆ ಹೆಚ್ಚಿಸಿತು ಎಂದು ಹಲವು ಕಲಾ ಇತಿಹಾಸಕಾರರು ಭಾವಿಸುತ್ತಾರೆ. ಅರಸರು ಆ ನಿಯಮವನ್ನು ಮೀರುತ್ತಲೇ ಇದ್ದರು ಎಂಬುದೂ ಅಷ್ಟೇ ನಿಜ. ಅದೇನೇ ಇರಲಿ, ಪಿಂಗಾಣಿ ಅರಮನೆಗಳ ಹೆಮ್ಮೆಯಾಯಿತು. ಇರಾನಿನ ಶಾ ಅಬ್ಬಾಸ್ 1611ರಲ್ಲಿ ಅರ್ದಬೀಲ್‌ನ ದರ್ಗಾಕ್ಕೆ ಒಂದು ಸಾವಿರಕ್ಕೂ ಹೆಚ್ಚು ಚೀನಾ ಪಾತ್ರೆಗಳನ್ನು ವಕ್ಫ್ ಮಾಡಿದ. ಇಸ್ತಾಂಬುಲ್‌ನ ತೋಪ್‌ಕಾಪಿ ಅರಮನೆಯಲ್ಲಿ ಇಂದಿಗೂ ಹತ್ತು ಸಾವಿರಕ್ಕೂ ಮಿಕ್ಕಿ ಚೀನಾ ಪಾತ್ರೆಗಳಿವೆ.

ನಮ್ಮ ಕಡೆಯ ಕತೆಯೂ ಇದರ ಒಂದು ಕವಲು. ಬಿಜಾಪುರದ ಆದಿಲ್‌ಶಾಹಿಗಳು 1490ರಿಂದ 1686ರವರೆಗೆ ಆಳಿದರು. 1510ರಲ್ಲಿ ಪೋರ್ಚುಗೀಸರು ಕಸಿದುಕೊಳ್ಳುವವರೆಗೆ ಗೋವೆ ಅವರದಾಗಿತ್ತು. ಕೊಂಕಣದ ದಾಭೋಳವೂ ಅವರ ಬಂದರು. ಕಡಲ ದಂಡೆಯಿಂದ ಘಟ್ಟ ಹತ್ತಿ ರಾಜಧಾನಿಗೆ ಸಾಗುವ ಸರಕಿನ ದಾರಿಗಳು ಇಂದಿನ ಚಿಕ್ಕೋಡಿ, ರಾಯಬಾಗ, ಅಥಣಿ ಸೀಮೆಯನ್ನು ಹಾದು ಹೋಗುತ್ತಿದ್ದವು. ಹದಿನೇಳನೇ ಶತಮಾನದ ಯುರೋಪಿಯನ್ನರ ಬರಹಗಳಲ್ಲಿ ಅಥಣಿ ಒಂದು ವ್ಯಾಪಾರದ ಊರಾಗಿ ಕಾಣಿಸುತ್ತದೆ. 1679ರಲ್ಲಿ ಮೊಘಲ್ ಸೇನಾನಿ ದಿಲೇರ್ ಖಾನ್ ಅಥಣಿಯನ್ನು ದೋಚಿದ. ಆಗ ಅವನ ಪಾಳೆಯದಲ್ಲಿದ್ದ ಸಂಭಾಜಿ ಅಲ್ಲಿಂದ ತಪ್ಪಿಸಿಕೊಂಡು ಪನ್ಹಾಳಕ್ಕೆ ಮರಳಿದ. ದೋಚಲು ಏನಾದರೂ ಇದ್ದ ಊರನ್ನೇ ಅಲ್ಲವೇ ದೋಚುವುದು?

ಬಿಜಾಪುರಕ್ಕೆ ಹೋದವರು ಗೋಲಗುಮ್ಮಟದ ಮುಂದಿನ ನಗಾರಖಾನೆಯಲ್ಲಿರುವ ವಸ್ತುಸಂಗ್ರಹಾಲಯಕ್ಕೂ ಹೋಗಬೇಕು. ಆಯುಧ, ಜಮಖಾನ, ಹಸ್ತಪ್ರತಿ, ಬಿದ್ರಿ ಸಾಮಾನುಗಳ ಜೊತೆ ಅಲ್ಲಿ ಚೀನಾ ಪಿಂಗಾಣಿಯೂ ಇದೆ. ತೆಳು ಹಸಿರಿನ ಒಂದು ಜಾತಿಯ ಪಾತ್ರೆಗೆ ನಮ್ಮ ದೇಶದಲ್ಲಿ 'ಘೋರಿ' ಎಂಬ ಹೆಸರಿತ್ತು. ವಿಷ ಬೆರೆತ ಊಟ ಬಡಿಸಿದರೆ ಅದು ಬಣ್ಣ ಬದಲಿಸುತ್ತದೆ, ಇಲ್ಲವೇ ಒಡೆಯುತ್ತದೆ ಎಂದು ನಂಬಿದ್ದರು. ಇದು ನಿಜವಲ್ಲ. ಆದರೆ ಆ ನಂಬಿಕೆಯನ್ನು ಗಮನಿಸಿ: ಪಾತ್ರೆಯ ಬಿರುಕನ್ನು ಒಂದು ಸುದ್ದಿ ಎಂದು ಅವರು ಓದುತ್ತಿದ್ದರು.

ಹಂಪಿಯ ಉತ್ಖನನಗಳಲ್ಲಿಯೂ ಚೀನಾ ಪಿಂಗಾಣಿಯ ಚೂರುಗಳು ಸಿಕ್ಕಿವೆ. 1565ರಲ್ಲಿ ರಕ್ಕಸಗಿ-ತಂಗಡಗಿಯಲ್ಲಿ ಎದುರಾಗಿ ನಿಂತವರು ತಮ್ಮ ಮನೆಗಳಲ್ಲಿ ಒಂದೇ ದೇಶದ ಪಾತ್ರೆಯನ್ನು ಮೆಚ್ಚುತ್ತಿದ್ದರು. ಯುದ್ಧದ ಪಾಠ ಓದುವಾಗ ಇಂಥದ್ದು ನಮ್ಮ ನೆನಪಿಗೆ ಬರುವುದಿಲ್ಲ.

ವಜ್ರದ ಮೊನೆ, ತಾಮ್ರದ ಕೊಂಡಿ

ತಾಮ್ರದ ಹಂಡೆ ಸೋರಿದರೆ ಬೆಸುಗೆ ಹಾಕಬಹುದು, ಒಳಗೆ ಕಲಾಯಿ ಹಾಕಿಸಬಹುದು. ಕುಂಬಾರನ ಮಡಕೆ ಒಡೆದರೆ ಬಿಸಾಕಿ ಮರುದಿನ ಇನ್ನೊಂದು ತರಬಹುದು. ಪಿಂಗಾಣಿ ಎರಡಕ್ಕೂ ಒಗ್ಗದು. ಅದನ್ನು ಕರಗಿಸಿ ಕೂಡಿಸಲು ಆಗುವುದಿಲ್ಲ, ಬಿಸಾಕಲು ಮನಸ್ಸು ಬರುವುದಿಲ್ಲ. ಬಿಳಿ ಜೇಡಿಯನ್ನು ಫೆಲ್ಡ್‌ಸ್ಪಾರ್ ಮತ್ತು ಬಿಳಿಗಲ್ಲಿನ ಪುಡಿಯೊಂದಿಗೆ ಕಲಸಿ 1,300 ಡಿಗ್ರಿಯ ಆಸುಪಾಸಿನ ಶಾಖದಲ್ಲಿ ಸುಟ್ಟಾಗ ಮಣ್ಣು ಅರ್ಧ ಗಾಜಾಗುತ್ತದೆ. ಅದಕ್ಕೇ ಅದು ನೀರು ಹೀರುವುದಿಲ್ಲ, ಬಡಿದರೆ ಟಣ್ ಎನ್ನುತ್ತದೆ, ಬಿದ್ದರೆ ಗಾಜಿನ ಹಾಗೆಯೇ ಸಿಡಿಯುತ್ತದೆ. ಬಿರುಕು ಬಿಟ್ಟದ್ದನ್ನು ಬೆರಳಿನಿಂದ ಬಡಿದು ನೋಡಿ, ದನಿ ಸತ್ತಿರುತ್ತದೆ. ಸಂತೆಯಲ್ಲಿ ಹೆಂಗಸರು ಬರಣಿ ಕೊಳ್ಳುವಾಗ ತಟ್ಟಿ ನೋಡುವುದು ಇದಕ್ಕೇ.

ಇದಕ್ಕೆ ಚೀನಾದ ದುರಸ್ತಿಗಾರರು ಕಂಡುಕೊಂಡ ಉಪಾಯ ಕೊಂಡಿ. ಒಡೆದ ಎರಡು ಹೋಳುಗಳನ್ನು ಸರಿಯಾಗಿ ಕೂಡಿಸಿ ದಾರದಿಂದ ಬಿಗಿಯುತ್ತಾರೆ. ವಜ್ರದ ಮೊನೆ ಇರುವ ಬಿಲ್ಲು-ಬೈರಿಗೆಯಿಂದ ಬಿರುಕಿನ ಎರಡೂ ಬದಿಗೆ ಸಣ್ಣ ತೂತು ಕೊರೆಯುತ್ತಾರೆ. ತೂತು ಆರಪಾರ ಹೋಗಬಾರದು, ಗೋಡೆಯ ಅರ್ಧ ದಪ್ಪಕ್ಕೆ ನಿಲ್ಲಬೇಕು. ಆ ಬಸಿಯ ದಪ್ಪವೇ ಒಂದು ನೂಲಿನಷ್ಟಿರುವಾಗ ಅರ್ಧಕ್ಕೆ ನಿಲ್ಲಿಸುವ ಕೈಯನ್ನು ನೀವೇ ಊಹಿಸಿಕೊಳ್ಳಿ. ಆಮೇಲೆ ಹಿತ್ತಾಳೆ, ತಾಮ್ರ ಅಥವಾ ಕಬ್ಬಿಣದ ಪುಟ್ಟ ಕೊಂಡಿಯನ್ನು ಬಿಸಿ ಮಾಡಿ ಎರಡು ತೂತುಗಳಿಗೆ ಇಳಿಸುತ್ತಾರೆ. ಲೋಹ ಆರುವಾಗ ಕುಗ್ಗುತ್ತದೆ, ಕುಗ್ಗುವಾಗ ಎರಡು ಹೋಳುಗಳನ್ನು ಹತ್ತಿರ ಎಳೆಯುತ್ತದೆ. ಹೀಗೆ ಕೂಡಿಸಿದ ಬಟ್ಟಲಲ್ಲಿ ಚಹಾ ನಿಲ್ಲುತ್ತದೆ. ವಜ್ರದ ಬೈರಿಗೆ ಇಲ್ಲದವನು ಪಿಂಗಾಣಿಯ ಕೆಲಸ ಹಿಡಿಯಬಾರದು ಎಂಬ ಅರ್ಥದ ಗಾದೆ ಚೀನೀ ಭಾಷೆಯಲ್ಲಿ ಇಂದಿಗೂ ಇದೆ. ಇರಾನಿನ ಬೀದಿಗಳಲ್ಲಿ ಇದೇ ಕೆಲಸ ಮಾಡುತ್ತಾ ತಿರುಗುವವನಿಗೆ 'ಬಂದ್‌ಜನ್' ಎಂಬ ಹೆಸರಿತ್ತು. ಬಂದ್ ಹಾಕುವವನು ಎಂದು ಅರ್ಥ. ಇಸ್ತಾಂಬುಲ್‌ನಲ್ಲಿ ಹೂಜಿಯ ಮೂತಿ ಮುರಿದರೆ ಅಕ್ಕಸಾಲಿಗರು ಲೋಹದ ಮೂತಿ ಕೂಡಿಸಿ ಕೊಡುತ್ತಿದ್ದರು.

ಜಪಾನಿನಲ್ಲಿ ಇದರ ಬಗ್ಗೆ ಒಂದು ಕತೆ ಇದೆ. ಹದಿನೈದನೇ ಶತಮಾನದ ಅಧಿಪತಿ ಅಶಿಕಾಗ ಯೋಶಿಮಸನ ಬಳಿ ಹಸಿರು ಮೆರುಗಿನ ಒಂದು ಚೀನಾ ಬಟ್ಟಲಿತ್ತು. ಅದು ಬಿರುಕು ಬಿಟ್ಟಾಗ, ಇಂಥದ್ದೇ ಇನ್ನೊಂದು ಕೊಡಿ ಎಂದು ಚೀನಾಕ್ಕೆ ಕಳಿಸಿದನಂತೆ. ಅಂಥದ್ದು ಈಗ ಮಾಡಲಾಗದು ಎಂದು ಅವರು ಅದೇ ಬಟ್ಟಲಿಗೆ ಕಬ್ಬಿಣದ ಕೊಂಡಿ ಹಾಕಿ ಹಿಂದಕ್ಕೆ ಕಳಿಸಿದರಂತೆ. ಮಿಡತೆ ಕೂತಂತೆ ಕಾಣುವ ಆ ಕೊಂಡಿಗಳಿಂದಲೇ ಬಟ್ಟಲಿಗೆ ಹೆಸರು ಬಂತು. ಅದು ಇಂದು ಟೋಕಿಯೊ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿದೆ. ಬಿರುಕನ್ನು ಮರದ ಅರಗಿನಿಂದ ಮುಚ್ಚಿ ಮೇಲೆ ಬಂಗಾರದ ಪುಡಿ ಹಾಕುವ ಜಪಾನಿನ 'ಕಿಂತ್ಸುಗಿ' ಈಗ ಜಗತ್ತಿನಾದ್ಯಂತ ಹೆಸರು ಮಾಡಿದೆ.

ಬಂಗಾರ ಹಾಕುವಷ್ಟು ನಮ್ಮ ಮನೆಗಳಲ್ಲಿ ಎಲ್ಲಿತ್ತು? ಅರಗು, ಸುಣ್ಣ ಕಲಸಿದ ಮೊಟ್ಟೆಯ ಬಿಳಿ - ಇಂಥವೇ ಬಡವರ ಅಂಟು. ಮೊಟ್ಟೆಯ ಬಿಳಿಗೆ ನುಣ್ಣನೆಯ ಸುಣ್ಣ ಸೇರಿದರೆ ಕಲ್ಲಿನಂತೆ ಗಟ್ಟಿಯಾಗುತ್ತದೆ. ಆದರೆ ಬಹಳ ಕಾಲ ನೀರಿನಲ್ಲಿ ಬಿದ್ದರೆ ಬಿಟ್ಟುಕೊಳ್ಳುತ್ತದೆ. ಅರಗು ಬಿಸಿಗೆ ಮೆತ್ತಗಾಗುತ್ತದೆ. ಹಾಗಾಗಿ ಕೂಡಿಸಿದ ಬರಣಿಗೆ ಮತ್ತೆ ಉಪ್ಪಿನಕಾಯಿಯ ಭಾಗ್ಯವಿಲ್ಲ. ಬೇಳೆಕಾಳು, ಸೂಜಿ-ದಾರ, ಚಿಲ್ಲರೆ ಕಾಸು ತುಂಬಿಕೊಂಡು ಅದು ನಾಗೊಂದಿಗೆಯ ಮೇಲೆ ನಿವೃತ್ತಿ ಜೀವನ ಕಳೆಯುತ್ತದೆ.

ಒಡೆದ ಬಟ್ಟಲು, ಹದೀಸಿನ ಬೆಳಕಲ್ಲಿ

ಒಡೆದ ಪಾತ್ರೆಯ ಬಗ್ಗೆ ಹದೀಸ್ ಗ್ರಂಥಗಳಲ್ಲಿ ಮೂರು ಪ್ರಸಂಗಗಳಿವೆ. ಮೂರನ್ನೂ ಒಟ್ಟಿಗಿಟ್ಟು ನೋಡುವುದು ಒಳ್ಳೆಯದು.

ಮೊದಲನೆಯದು ಸಹೀಹ್ ಬುಖಾರಿಯಲ್ಲಿದೆ. ಪ್ರವಾದಿ(ಸ)ಯವರು ಒಬ್ಬ ಪತ್ನಿಯ ಮನೆಯಲ್ಲಿದ್ದಾಗ ಇನ್ನೊಬ್ಬ ಪತ್ನಿ ಬಟ್ಟಲಿನಲ್ಲಿ ಊಟ ಕಳಿಸಿದರು. ಮನೆಯಾಕೆ ಸಿಟ್ಟಿನಿಂದ ಸೇವಕನ ಕೈಗೆ ಹೊಡೆದರು, ಬಟ್ಟಲು ಬಿದ್ದು ಒಡೆಯಿತು. ಪ್ರವಾದಿ(ಸ) ತಾವೇ ಬಾಗಿ ಚೂರುಗಳನ್ನು ಕೂಡಿಸಿದರು, ಚೆಲ್ಲಿದ ಊಟವನ್ನು ಅದರಲ್ಲಿ ಎತ್ತಿಟ್ಟರು. ನಿಮ್ಮ ತಾಯಿಗೆ ಮತ್ಸರ ಬಂದಿದೆ ಎಂದಷ್ಟೇ ನೆರೆದವರಿಗೆ ಹೇಳಿದರು. ಬಳಿಕ ಆ ಮನೆಯ ಒಳ್ಳೆಯ ಬಟ್ಟಲನ್ನು ಕಳಿಸಿದಾಕೆಗೆ ಕೊಡಿಸಿ, ಒಡೆದದ್ದನ್ನು ಒಡೆದ ಮನೆಯಲ್ಲೇ ಇರಿಸಿದರು. ಬೈಗುಳ ಇಲ್ಲ, ಆದರೆ ನಷ್ಟ ಯಾರು ಭರಿಸಬೇಕು ಎಂಬ ತೀರ್ಪು ಖಚಿತವಾಗಿದೆ.

ಎರಡನೆಯದು ಅಬೂದಾವೂದ್‌ನಲ್ಲಿದೆ: ಪಾತ್ರೆಯ ಮುಕ್ಕಾದ ಜಾಗದಿಂದ ಕುಡಿಯಬಾರದು. ತುಟಿ ಕೊಯ್ಯುತ್ತದೆ, ಅಲ್ಲಿ ಕೊಳೆ ನಿಲ್ಲುತ್ತದೆ ಎಂದು ವಿದ್ವಾಂಸರು ಕಾರಣ ವಿವರಿಸಿದ್ದಾರೆ. ಮೆರುಗು ಲೇಪ ಎದ್ದ ಜಾಗ ಒರಟಾಗಿರುತ್ತದೆ, ತೊಳೆದರೂ ಪೂರ್ತಿ ಸ್ವಚ್ಛವಾಗುವುದಿಲ್ಲ ಎಂದು ಇಂದಿನ ಆರೋಗ್ಯಶಾಸ್ತ್ರವೂ ಹೇಳುತ್ತದೆ.

ಮೂರನೆಯದು ಮತ್ತೆ ಬುಖಾರಿಯದು. ಪ್ರವಾದಿ(ಸ)ಯವರ ಮರದ ಬಟ್ಟಲು ಅನಸ್ ಬಿನ್ ಮಾಲಿಕ್(ರ)ರ ಬಳಿ ಇತ್ತು. ಅದು ಬಿರುಕು ಬಿಟ್ಟಿತ್ತು, ಬಿರುಕಿನ ಜಾಗವನ್ನು ಬೆಳ್ಳಿಯಿಂದ ಕೂಡಿಸಲಾಗಿತ್ತು. ಬೆಳ್ಳಿಯ ಪಾತ್ರೆ ಸಲ್ಲದು, ಆದರೆ ಒಡೆದದ್ದನ್ನು ಉಳಿಸಲು ಬೇಕಾದಷ್ಟು ಬೆಳ್ಳಿಗೆ ಅವಕಾಶವಿದೆ ಎಂಬ ಫಿಕ್ಹ್ ಚರ್ಚೆ ಇದರಿಂದ ಬೆಳೆಯಿತು. ಅದೇ ವರದಿಯಲ್ಲಿ ಇನ್ನೊಂದು ಮಾತಿದೆ. ಆ ಬಟ್ಟಲಿಗೆ ಕಬ್ಬಿಣದ ಒಂದು ಬಳೆ ಇತ್ತು. ಅನಸ್(ರ) ಅದನ್ನು ತೆಗೆದು ಚಿನ್ನದ್ದೋ ಬೆಳ್ಳಿಯದೋ ಹಾಕಿಸಬೇಕೆಂದಿದ್ದರು. ಪ್ರವಾದಿಯವರು ಮಾಡಿದ್ದನ್ನು ಬದಲಿಸಬೇಡ ಎಂದು ಅಬೂ ತಲ್ಹಾ(ರ) ತಡೆದರು. ಬಿರುಕು ಬಿಟ್ಟದ್ದನ್ನು ಕೂಡಿಸು, ಆದರೆ ಇದ್ದದ್ದನ್ನು ಚೆಂದಗಾಣಿಸಲು ಹೋಗಿ ಅದರ ಗುರುತು ಅಳಿಸಬೇಡ - ಇಂದಿನ ವಸ್ತುಸಂಗ್ರಹಾಲಯಗಳ ತಜ್ಞರು ಪಾಲಿಸುವ ನಿಯಮವೂ ಬಹುಮಟ್ಟಿಗೆ ಇದೇ ಆಗಿದೆ.

ಇದಕ್ಕೆ ತದ್ವಿರುದ್ಧವಾದ ಪ್ರಸಂಗವೂ ನಮ್ಮ ಇತಿಹಾಸದಲ್ಲಿದೆ. ದೆಹಲಿಯ ಫಿರೋಜ್ ಷಾ ಕೋಟ್ಲಾದಲ್ಲಿ 1961ರಲ್ಲಿ ಹದಿನಾಲ್ಕನೇ ಶತಮಾನದ ನೀಲಿ-ಬಿಳಿ ಚೀನಾ ಪಾತ್ರೆಗಳು ಒಡೆದ ಸ್ಥಿತಿಯಲ್ಲಿ ಸಿಕ್ಕವು. ಒಟ್ಟು 72 ಪಾತ್ರೆಗಳು. ಕೆಲವುಗಳ ಮೇಲೆ ಅರಮನೆಯ ಅಡುಗೆಮನೆಯ ಗುರುತು ಇತ್ತು. ಜೀವಿಗಳ ಚಿತ್ರವಿದ್ದ ಸಾಮಾನುಗಳ ವಿರುದ್ಧ ಸುಲ್ತಾನ ಫಿರೋಜ್ ಷಾ ತುಘಲಕ್ ಹೊರಡಿಸಿದ ಆಜ್ಞೆಯಿಂದ ಅವು ಒಡೆದಿರಬೇಕು ಎಂದು ವಿದ್ವಾಂಸರು ಊಹಿಸುತ್ತಾರೆ. ಒಡೆಯಲು ಒಂದು ಆಜ್ಞೆ ಸಾಕು. ಆರು ನೂರು ವರ್ಷಗಳ ನಂತರ ಆ ಚೂರುಗಳನ್ನು ಹೊಂದಿಸಿ ಓದಲು ಎಷ್ಟೋ ಜನರ ತಾಳ್ಮೆ ಬೇಕಾಯಿತು.

ಮುಕ್ಕಾದ ಬಸಿ ಯಾರಿಗೆ?

ಇಲ್ಲಿಯವರೆಗೆ ಅರಮನೆಯ ಮಾತಾಯಿತು. ಹತ್ತೊಂಬತ್ತನೇ ಶತಮಾನದ ಕೊನೆಯ ದಶಕಗಳಲ್ಲಿ ಮೀರಜ್‌ನಿಂದ ಕುಡಚಿ, ರಾಯಬಾಗ, ಚಿಕ್ಕೋಡಿ ರೋಡ್ ಮೂಲಕ ರೈಲು ಓಡತೊಡಗಿತು. ಇಪ್ಪತ್ತನೇ ಶತಮಾನದಲ್ಲಿ ಚಹಾದಂಗಡಿಗಳು ಬಂದವು. ಕಾರ್ಖಾನೆಯ ಅಗ್ಗದ ಕಪ್ಪು-ಬಸಿ ಸಂತೆಗೂ, ಚಿಂಚಲಿ ಮಾಯಕ್ಕನ ಜಾತ್ರೆಗೂ, ಉರುಸುಗಳಿಗೂ ಬಂತು. ಚೀನಿ ಮಣ್ಣು ಮುಟ್ಟಿದರೆ ಮಡಿ ಕೆಡುತ್ತದೆ, ತಾಮ್ರ-ಹಿತ್ತಾಳೆಯಂತೆ ಅದನ್ನು ತಿಕ್ಕಿ ಶುದ್ಧ ಮಾಡಲಾಗದು ಎಂದು ಅಡುಗೆಮನೆಯ ಹೊರಗಿಟ್ಟವರೂ ಉಪ್ಪಿನಕಾಯಿಗೆ ಮಾತ್ರ ಅದರ ಬರಣಿಯನ್ನೇ ನೆಚ್ಚಿಕೊಂಡರು.

ಆದರೆ ಚಹಾದಂಗಡಿಯ ಬಸಿಗೆ ಇನ್ನೊಂದು ಚರಿತ್ರೆಯೂ ಇದೆ. ದಲಿತರಿಗೆ ಬೇರೆ ಕಪ್ಪು ಇಡುವ ಪದ್ಧತಿ ನಾಡಿನ ಅನೇಕ ಕಡೆ ಇತ್ತು. ಹಿಡಿಕೆ ಮುರಿದದ್ದು, ಅಂಚು ಮುಕ್ಕಾದದ್ದು, ಬಿರುಕು ಬಿಟ್ಟದ್ದು ಅವರ ಪಾಲಿಗೆ. ಕುಡಿದವನೇ ತೊಳೆದು ಹೊರಗಿನ ಗೂಡಿನಲ್ಲಿ ಇಟ್ಟು ಹೋಗಬೇಕು. ಒಳಗೆ ಕೂತವರಿಗೆ ತಕ್ಕದ್ದಲ್ಲ ಎಂದು ತೆಗೆದದ್ದು ಹೊರಗೆ ನಿಂತವರಿಗೆ ಸಾಕು ಎಂಬ ತರ್ಕ. ಇಲ್ಲಿ ಬಸಿಯ ಬಿರುಕು ಸಮಾಜದ ಬಿರುಕೇ ಆಗಿತ್ತು.

ಅದನ್ನು ಎದುರಿಸಿದ ನೆನಪೂ ಈ ಸೀಮೆಗೆ ಹತ್ತಿರದ್ದೇ. ಕೊಲ್ಹಾಪುರದ ಶಾಹು ಮಹಾರಾಜರು ದಲಿತನಾದ ಗಂಗಾರಾಮ ಕಾಂಬಳೆಗೆ ಪಟ್ಟಣದಲ್ಲಿ ಚಹಾದ ಹೋಟೆಲ್ ಹಾಕಿಸಿಕೊಟ್ಟು, ತಾವೇ ಅಲ್ಲಿ ಚಹಾ ತರಿಸಿ ಕುಡಿದರು, ಜೊತೆಯಲ್ಲಿದ್ದವರಿಗೂ ಕುಡಿಸಿದರು. 1920ರ ಮಾರ್ಚ್‌ನಲ್ಲಿ ಕೊಲ್ಹಾಪುರ ಸಂಸ್ಥಾನದ ಮಾಣಗಾಂವದ ಪರಿಷತ್ತಿನಲ್ಲಿ ಶಾಹು ಮತ್ತು ಡಾ. ಅಂಬೇಡ್ಕರ್ ಒಂದೇ ವೇದಿಕೆಯಲ್ಲಿದ್ದರು. 1925ರ ಏಪ್ರಿಲ್‌ನಲ್ಲಿ ಅಂಬೇಡ್ಕರ್ ನಿಪ್ಪಾಣಿಗೇ ಬಂದು ಬಹಿಷ್ಕೃತರ ಸಮ್ಮೇಳನದಲ್ಲಿ ಪಾಲ್ಗೊಂಡರು. ಅಸ್ಪೃಶ್ಯತೆಯ ಅಪರಾಧಗಳ ವಿರುದ್ಧ 1955ರಲ್ಲಿ ಬಂದ ಕಾಯಿದೆಯಲ್ಲಿ ಹೋಟೆಲಿನಲ್ಲಿ ಸಾರ್ವಜನಿಕರಿಗೆಂದು ಇಟ್ಟ ಪಾತ್ರೆಗಳ ಬಳಕೆಯನ್ನು ಅಸ್ಪೃಶ್ಯತೆಯ ನೆಪದಲ್ಲಿ ಯಾರಿಗಾದರೂ ತಡೆದರೆ ಶಿಕ್ಷೆ ಎಂದು ಸ್ಪಷ್ಟವಾಗಿ ಬರೆಯಲಾಯಿತು. ಕಪ್ಪು-ಬಸಿ ದೇಶದ ಕಾನೂನಿನೊಳಗೆ ಸೇರಿದ್ದು ಹೀಗೆ. ಮುಕ್ಕಾದ ಪಾತ್ರೆಯನ್ನು ಉಳಿಸಿಕೊಳ್ಳುವುದು ಬೇರೆ, ಅದನ್ನು ಇನ್ನೊಬ್ಬರಿಗೆ ದೂಡುವುದು ಬೇರೆ. ಹಳೆಯದನ್ನು ಹೊಗಳುವ ಭರದಲ್ಲಿ ಈ ಎರಡರ ನಡುವಿನ ಗೆರೆ ಮರೆಯಬಾರದು.

ಚೂರುಗಳನ್ನು ಎಸೆಯುವ ಮೊದಲು

2005ರಲ್ಲಿ, ಮತ್ತೆ 2019ರ ಆಗಸ್ಟ್‌ನಲ್ಲಿ ಕೃಷ್ಣೆ ಉಕ್ಕಿ ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ನದಿದಂಡೆಯ ಊರುಗಳಿಗೆ ನುಗ್ಗಿದಳು. ಮಣ್ಣಿನ ಗೋಡೆಗಳು ಕುಸಿದವು. ಕಾಗದ, ಬಟ್ಟೆ, ಮರ ನೀರಿನಲ್ಲಿ ಕೆಟ್ಟುಹೋಗುತ್ತವೆ. ಸುಟ್ಟ ಚೀನಿ ಮಣ್ಣು ಒಡೆಯಬಹುದು, ಆದರೆ ಕೊಳೆಯುವುದಿಲ್ಲ. ಒಂದು ಮನೆತನದ ನೆನಪು ಕೆಲವೊಮ್ಮೆ ಕೆಸರಿನಿಂದ ತೆಗೆದ ಒಂದು ಬಸಿಯಲ್ಲಷ್ಟೇ ಉಳಿಯಬಹುದು. ಹಾಗಾಗಿ ಕೆಲವು ವಿಷಯ ಗೊತ್ತಿರುವುದು ಒಳ್ಳೆಯದು.

ಒಡೆದ ಪಾತ್ರೆಯ ಚೂರುಗಳನ್ನೆಲ್ಲ, ಉಗುರಿನಷ್ಟು ಸಣ್ಣದನ್ನೂ ಬಿಡದೆ, ಆಯ್ದು ಬಟ್ಟೆಯಲ್ಲಿ ಕಟ್ಟಿಡಬೇಕು. ಚೂರುಗಳನ್ನು ಒಂದಕ್ಕೊಂದು ತಿಕ್ಕಿ ನೋಡಬಾರದು, ಅಂಚು ಸವೆದರೆ ಮತ್ತೆ ಕೂಡುವುದಿಲ್ಲ. ಉಗುರುಬೆಚ್ಚಗಿನ ನೀರು, ಮೆತ್ತನೆಯ ಬ್ರಶ್ ಸಾಕು. ಬಣ್ಣ ಅಥವಾ ಬಂಗಾರದ ಗೆರೆ ಇದ್ದರೆ ತಿಕ್ಕಲೇಬಾರದು. ಅಂಟು ಹಚ್ಚುವ ಮೊದಲು ಒಣಗಿದ ಚೂರುಗಳನ್ನು ಕಾಗದದ ಪಟ್ಟಿಯಿಂದ ಹೊಂದಿಸಿ ನೋಡಬೇಕು. ಯಾವುದು ಮೊದಲು, ಯಾವುದು ಕೊನೆ ಎಂದು ಗುರುತು ಹಾಕದಿದ್ದರೆ ಕೊನೆಯ ಚೂರಿಗೆ ಜಾಗವೇ ಇರುವುದಿಲ್ಲ.

ಅಂಗಡಿಯಲ್ಲಿ ಸಿಗುವ ಅರಾಲ್ಡೈಟ್‌ನಂಥ ಎಪಾಕ್ಸಿ ಅಂಟು ಗಟ್ಟಿ ನಿಜ. ಆದರೆ ಬೆಳಕಿಗೆ ಹಳದಿಯಾಗುತ್ತದೆ, ತಪ್ಪಾಗಿ ಕೂತರೆ ಬಿಡಿಸುವುದು ಕಷ್ಟ. ವಸ್ತುಸಂಗ್ರಹಾಲಯಗಳವರು ಪ್ಯಾರಲಾಯ್ಡ್ ಬಿ-72ರಂಥ, ಅಸಿಟೋನ್ ಹಚ್ಚಿದರೆ ಮತ್ತೆ ಕರಗುವ ಅಂಟನ್ನು ಬಳಸುವುದು ಇದಕ್ಕೇ: ಮುಂದೆ ನಮಗಿಂತ ಬಲ್ಲವರು ಬಂದರೆ ನಮ್ಮ ಕೆಲಸವನ್ನು ಬಿಡಿಸಿ ಸರಿಮಾಡಲು ಅವಕಾಶ ಇರಬೇಕು. ಹಳೆಯ ಕೊಂಡಿಗಳಿದ್ದರೆ ಕಿತ್ತು ಹಾಕಬೇಡಿ, ಆ ಹೆಸರಿಲ್ಲದ ಕುಶಲಕರ್ಮಿಯ ಸಹಿ ಅದು. ಒಂದು ಎಚ್ಚರಿಕೆಯ ಮಾತು: ಕೂಡಿಸಿದ ಪಾತ್ರೆಯಲ್ಲಿ ಊಟ, ಬಿಸಿ ಚಹಾ, ಉಪ್ಪಿನಕಾಯಿ ಬೇಡ. ಅಂಟು ಹೊಟ್ಟೆಗೆ ಒಳ್ಳೆಯದಲ್ಲ. ಹಳೆಯ ಮೆರುಗಿನಲ್ಲಿ ಸೀಸ ಇರುವ ಸಾಧ್ಯತೆಯೂ ಇದೆ, ಹುಳಿಗೆ ಅದು ಕರಗುತ್ತದೆ.

ನಮ್ಮದೇ ಜಿಲ್ಲೆಯ ಖಾನಾಪುರದಲ್ಲಿ ಖಾದಿ ಮತ್ತು ಗ್ರಾಮೋದ್ಯೋಗ ಆಯೋಗದ ಕುಂಬಾರಿಕೆ ಸಂಸ್ಥೆ ಇದೆ. ಮಾಡುವುದನ್ನು ಕಲಿಸುವ ಕಡೆ ಕೂಡಿಸುವುದನ್ನೂ ಕಲಿಸಬಹುದು. ನಾಲ್ಕು ಹುಡುಗ ಹುಡುಗಿಯರು ಈ ಕೆಲಸ ಕಲಿತರೆ ಗಡಿ ಊರುಗಳ ಹಳೆಯ ವಾಡೆ, ಮಠ, ದರ್ಗಾಗಳಲ್ಲಿ ಬಿರುಕು ಬಿಟ್ಟು ಮೂಲೆ ಸೇರಿದ ಎಷ್ಟೋ ಸಾಮಾನು ಗುಜರಿಗೆ ಹೋಗದೆ ಉಳಿಯುತ್ತದೆ.

ಒಡೆದದ್ದು ಮೊದಲಿನಂತೆ ಆಗುವುದಿಲ್ಲ, ಕೊಂಡಿ ಹಾಕುವವನು ಅಂಥ ಭರವಸೆಯನ್ನೇನೂ ಕೊಡುತ್ತಿರಲಿಲ್ಲ. ಒಡೆದ ಜಾಗ ಕಾಣಿಸುವಂತೆಯೇ ಅದನ್ನು ಮತ್ತೆ ನಿಲ್ಲಿಸಿ ಕೊಡುತ್ತಿದ್ದ, ಅಷ್ಟೇ. ಮನೆಯವರು ಅದನ್ನು ಮರಳಿ ಅದೇ ನಾಗೊಂದಿಗೆಯ ಮೇಲೆ ಇಡುತ್ತಿದ್ದರು. ಮುಂದಿನ ಸಲ ಕೈಜಾರಿ ಬಸಿ ಬಿದ್ದಾಗ, ಕಸಬರಿಗೆ ತರುವ ಮೊದಲು ಒಂದು ಕ್ಷಣ ಬಾಗಿ ಚೂರುಗಳನ್ನು ಆಯ್ದುಕೊಳ್ಳೋಣ.